ಬಾದಾಮಿಯ ಓಲೆ, ಕುದುರೆಮುಖದ ಕರಾರು

2025ರ ಜೂನ್ ತಿಂಗಳಿನ ಮಾತು. ಹುನಗುಂದ ಸೀಮೆಯ ಮರೋಳದಲ್ಲಿ ಸ್ನೇಹಿತರೊಬ್ಬರ ಮನೆಯ ಕಟ್ಟೆಯ ಮೇಲೆ ಕುಳಿತಿದ್ದೆವು. ಮುಂಗಾರಿನ ಹದಕ್ಕಾಗಿ ಊರಿಗೆ ಊರೇ ಮುಗಿಲಿನ ಕಡೆ ಕಣ್ಣಿಟ್ಟು ಕಾದಿತ್ತು. ಪತ್ರಿಕೆಯ ತುಂಬ ಮಾತ್ರ ಮತ್ತೊಂದು ಮುಗಿಲಿನ ಸುದ್ದಿ. ಇಸ್ರೇಲಿಗೂ ಇರಾನಿಗೂ ಯುದ್ಧ ಹತ್ತಿದೆ, ತೆಹರಾನಿನ ಮೇಲೆ ವಿಮಾನಗಳು ಹಾರುತ್ತಿವೆ, ಜನ ಊರು ಬಿಟ್ಟು ಹೋಗುತ್ತಿದ್ದಾರೆ ಎಂದೆಲ್ಲ ದಪ್ಪ ಅಕ್ಷರಗಳಲ್ಲಿ ಅಚ್ಚಾಗಿತ್ತು. ನಾನು ಅದನ್ನು ಓದಿ ಹೇಳುತ್ತಿದ್ದಂತೆ, ಸ್ನೇಹಿತರ ಮನೆಯ ಹಿರಿಯರು ಎಲೆಗೆ ಸುಣ್ಣ ಹಚ್ಚುತ್ತ ತಲೆಯೆತ್ತದೆಯೇ ಕೇಳಿದರು:

“ಅಲ್ರೀ, ಆ ಇರಾನ ಎಲ್ಲಿ, ನಮ್ಮ ಮರೋಳ ಎಲ್ಲಿ? ಅಲ್ಲಿ ಗಾದಿ ಮ್ಯಾಲೆ ಯಾರು ಕುಂತರ ನಮಗೇನು, ಯಾರು ಎದ್ದರ ನಮಗೇನು?”

ಪ್ರಶ್ನೆ ಸಹಜವಾದದ್ದೇ. ಆಗ ನನಗೆ ತಕ್ಕ ಉತ್ತರ ಹೊಳೆಯಲಿಲ್ಲ. ಆದರೆ ಮರುದಿನ ಐಹೊಳೆಯ ಮೇಗುಟಿಯ ಗುಡ್ಡ ಹತ್ತಿ ನಿಂತಾಗ, ಹಿರಿಯರ ಆ ಮಾತಿಗೆ ಉತ್ತರ ಅದೇ ಸೀಮೆಯ ಚರಿತ್ರೆಯಲ್ಲಿಯೇ ಇದೆಯಲ್ಲ ಎನಿಸಿತು. ಇರಾನಿನ ಗಾದಿಯ ಮೇಲೆ ಯಾರು ಕುಳಿತಿದ್ದಾರೆ ಎಂಬುದು ಕನ್ನಡ ನಾಡಿಗೆ ಎರಡು ಸಲ ಸಂಬಂಧಪಟ್ಟ ಸಂಗತಿಯಾಗಿತ್ತು. ಒಮ್ಮೆ ಏಳನೆಯ ಶತಮಾನದಲ್ಲಿ, ಬಾದಾಮಿಯ ಚಾಲುಕ್ಯರ ಕಾಲಕ್ಕೆ. ಇನ್ನೊಮ್ಮೆ ನಮ್ಮ ಕಾಲದಲ್ಲಿಯೇ, ಸಹ್ಯಾದ್ರಿಯ ಕುದುರೆಮುಖದಲ್ಲಿ. ಇವೆರಡರ ನಡುವೆ 1350 ವರ್ಷಗಳ ಅಂತರವಿದೆ. ಆದರೂ ಎರಡೂ ಕಥೆಗಳು ಹೇಳುವ ನೀತಿ ಒಂದೇ ಎಂದು ತೋರುತ್ತದೆ.

ಮೇಗುಟಿಯ ಗುಡಿಯ ಗೋಡೆಯಲ್ಲಿ ರವಿಕೀರ್ತಿಯ ಶಾಸನವಿರುವುದು ಶಾಲೆಯ ಮಕ್ಕಳಿಗೂ ಗೊತ್ತು. ಶಕ 556, ಅಂದರೆ ಕ್ರಿ. ಶ. 634ರ ಈ ಶಾಸನವು ಇಮ್ಮಡಿ ಪುಲಕೇಶಿಯ ದಿಗ್ವಿಜಯಗಳನ್ನು ಒಂದೊಂದಾಗಿ ಎಣಿಸುತ್ತದೆ. ಬನವಾಸಿ, ಲಾಟ, ಕೋಸಲ, ಕಳಿಂಗ, ಕಾಂಚಿ ಎಲ್ಲವೂ ಅದರಲ್ಲಿವೆ. ಉತ್ತರಾಪಥದ ಹರ್ಷನ ಸೋಲೂ ಇದೆ. ಆದರೆ ಪಾರಸೀಕ ದೇಶದ ಪ್ರಸ್ತಾಪ ಅದರಲ್ಲಿಲ್ಲ. ಬಾದಾಮಿಯ ಹೆಸರನ್ನು ಇರಾನಿನೊಡನೆ ಕೂಡಿಸಿದ ಕಥೆ ನಮ್ಮ ಕಲ್ಲುಗಳಲ್ಲಿ ಸಿಗದೆ ಇರಾನಿನವನೊಬ್ಬ ಬರೆದ ಗ್ರಂಥದಲ್ಲಿ ಸಿಕ್ಕಿತು.

ಆ ಗ್ರಂಥಕಾರ ತಬರಿ. ಕಾಸ್ಪಿಯನ್ ಸಮುದ್ರದ ಬಳಿಯ ಆಮೋಲ್ ಎಂಬ ಊರಿನಲ್ಲಿ 839ರಲ್ಲಿ ಹುಟ್ಟಿ, ಬಾಗ್ದಾದಿನಲ್ಲಿ ನೆಲಸಿ, 923ರಲ್ಲಿ ತೀರಿಕೊಂಡ ಈ ಪಂಡಿತನು ಅರಬ್ಬಿಯಲ್ಲಿ ಒಂದು ಬೃಹತ್ ಚರಿತ್ರೆಯನ್ನು ಬರೆದಿದ್ದಾನೆ. ಇಸ್ಲಾಮಿಗೆ ಮುಂಚೆ ಇರಾನನ್ನಾಳಿದ ಸಾಸಾನ ವಂಶದ ದೊರೆಗಳ ವೃತ್ತಾಂತವೂ ಅದರಲ್ಲಿದೆ. ಅವರ ಪೈಕಿ ಇಮ್ಮಡಿ ಖುಸ್ರೂ ಎಂಬ ಸಾಮ್ರಾಟನ ಕೊನೆಯ ದಿನಗಳನ್ನು ಹೇಳುವಾಗ ತಬರಿಯು ಒಂದು ವಿಚಿತ್ರ ಪ್ರಸಂಗವನ್ನು ತರುತ್ತಾನೆ.

ಖುಸ್ರೂ 590ರಲ್ಲಿ ಪಟ್ಟಕ್ಕೆ ಬಂದವನು. ಅವನು ಆಳಲು ತೊಡಗಿದ 36ನೆಯ ವರ್ಷದಲ್ಲಿ ಹಿಂದೂ ದೇಶದ ಒಬ್ಬ ರಾಜನಿಂದ ರಾಯಭಾರಿಗಳು ಬಂದರಂತೆ. ಸಾಮ್ರಾಟನಿಗೂ ಅವನ ಮಕ್ಕಳಿಗೂ ಬೇರೆ ಬೇರೆಯಾಗಿ ಕಾಣಿಕೆಗಳು, ಬೇರೆ ಬೇರೆಯಾಗಿ ಓಲೆಗಳು. ಶೀರೂಯ ಎಂಬ ಮಗನಿಗೆ ಒಂದು ಆನೆ, ಒಂದು ಖಡ್ಗ, ಒಂದು ಬಿಳಿಯ ಡೇಗೆ, ಜರತಾರಿಯ ಒಂದು ಉಡುಪು. ಆದರೆ ಅವನಿಗೆ ಬಂದ ಓಲೆಯ ಮೇಲೆ, ಇದರ ಒಳಗಿನ ಮಾತು ಗುಟ್ಟಾಗಿರಲಿ ಎಂದು ಹಿಂದೂ ದೇಶದ ಲಿಪಿಯಲ್ಲಿ ಬರೆದಿತ್ತು. ಗುಟ್ಟೆಂದ ಮೇಲೆ ದೊರೆಗೆ ಸಂಶಯ ಬಾರದಿರುತ್ತದೆಯೆ? ಖುಸ್ರೂ ಆ ಓಲೆಯನ್ನು ಮಗನಿಗೆ ಕೊಡದೆ, ಆ ಲಿಪಿ ಬಲ್ಲವನನ್ನು ಕರೆಸಿ, ಮುದ್ರೆ ಒಡೆದು ಓದಿಸಿದ. ನಿನ್ನ ತಂದೆಯ ಆಳಿಕೆಯ 38ನೆಯ ವರ್ಷದಲ್ಲಿ ಇಂಥ ತಿಂಗಳು ಇಂಥ ದಿನ ನಿನಗೆ ಕಿರೀಟಧಾರಣೆಯಾಗುವುದು, ಸಂತೋಷಪಡು ಎಂದು ಅದರಲ್ಲಿತ್ತು. ತಂದೆ ಅದನ್ನು ಮತ್ತೆ ಮುದ್ರೆಯೊತ್ತಿಸಿ ರಾಣಿ ಶೀರೀನಳ ವಶಕ್ಕೆ ಕೊಟ್ಟುಬಿಟ್ಟ.

ಓಲೆಯ ಮಾತು ನಿಜವಾಯಿತು. 628ರ ಫೆಬ್ರುವರಿಯಲ್ಲಿ ಸರದಾರರು ಖುಸ್ರೂವಿನ ಮೇಲೆ ತಿರುಗಿಬಿದ್ದು ಶೀರೂಯನನ್ನು ಪಟ್ಟದಲ್ಲಿ ಕೂಡಿಸಿದರು. ಸೆರೆಯಲ್ಲಿದ್ದ ತಂದೆಯ ಮೇಲೆ ಮಗನು ಆಪಾದನೆಗಳನ್ನು ಹೊರಿಸಿ ಕಳುಹಿಸಿದಾಗ, ಅವಕ್ಕೆ ಕೊಟ್ಟ ಉತ್ತರದಲ್ಲಿ ಖುಸ್ರೂ ಈ ಓಲೆಯ ಸಂಗತಿಯನ್ನು ಹೊರಗೆಡವಿದನೆಂದು ತಬರಿ ಹೇಳುತ್ತಾನೆ. ನೀನು ರಾಜನಾಗುವುದು ನನ್ನ ನಾಶದಿಂದಲೇ ಎಂದು ತಿಳಿದೂ ನಾನು ನಿನಗೆ ಕೇಡು ಬಗೆಯಲಿಲ್ಲ, ಬೇಕಾದರೆ ಶೀರೀನಳಿಂದ ಆ ಓಲೆಯನ್ನು ತರಿಸಿ ಓದಿಕೋ ಎಂಬುದು ಅವನ ಮಾತಿನ ತಾತ್ಪರ್ಯ. ಕೆಲವೇ ದಿನಗಳಲ್ಲಿ ಆ ಮುದುಕ ದೊರೆಯ ಕೊಲೆಯಾಯಿತು. ಮಗನೂ ಆ ವರ್ಷ ಮುಗಿಯುವುದರೊಳಗೆ ಸತ್ತ.

ಆ ಓಲೆ ಕಳುಹಿಸಿದ ರಾಜ ಯಾರು? ಅರಬ್ಬಿ ಲಿಪಿಯಲ್ಲಿ ನಮ್ಮ ಹೆಸರುಗಳು ಕುಲಗೆಟ್ಟುಹೋಗುವುದು ಸಾಮಾನ್ಯ. ತಬರಿಯಲ್ಲಿ ಕಾಣುವ ಹೆಸರೂ ಹಾಗೆಯೇ ರೂಪ ಕೆಟ್ಟಿದೆ. 1879ರಲ್ಲಿ ಜರ್ಮನ್ ವಿದ್ವಾಂಸ ನಲ್ಡೆಕೆ ಈ ಭಾಗವನ್ನು ಅನುವಾದಿಸಿದಾಗ ಅದು ಪುಲಕೇಶಿಯ ಹೆಸರೇ ಇರಬೇಕೆಂದು ಊಹಿಸಿದ. ಕಾಲವೂ ಹೊಂದುತ್ತದೆ, ಪಶ್ಚಿಮ ಕರಾವಳಿಯ ಒಡೆತನವೂ ಹೊಂದುತ್ತದೆ. ಆದ್ದರಿಂದ ಬಹುಮಂದಿ ಚರಿತ್ರಕಾರರು ಅದನ್ನು ಒಪ್ಪಿದರು. ಅದೇ 1879ರಲ್ಲಿ ಫರ್ಗುಸನ್ ಸಾಹೇಬನು ಅಜಂತೆಯ ಒಂದನೆಯ ಗುಹೆಯಲ್ಲಿ ಟೊಪ್ಪಿಗೆ ತೊಟ್ಟ ಗಡ್ಡದ ಪರದೇಶಿಗಳ ಚಿತ್ರವನ್ನು ಕಂಡು, ಪುಲಕೇಶಿಯ ಆಸ್ಥಾನಕ್ಕೆ ಬಂದ ಖುಸ್ರೂವಿನ ರಾಯಭಾರಿಗಳು ಇವರೇ ಎಂದು ಸಾರಿದ. ನಮ್ಮ ಪಠ್ಯಪುಸ್ತಕಗಳು ಈ ಚಿತ್ರವನ್ನು ಬಹು ಕಾಲ ಹೆಮ್ಮೆಯಿಂದ ಅಚ್ಚುಹಾಕಿದವು.

ಈ ಎರಡು ಮಾತುಗಳಿಗೂ ಒಂದೇ ತೂಕವಿಲ್ಲವೆಂಬುದನ್ನು ಇಲ್ಲಿ ಒಪ್ಪಿಕೊಳ್ಳಬೇಕು. ಅಜಂತೆಯ ಆ ಗುಹೆ ಐದನೆಯ ಶತಮಾನದ್ದು, ಪುಲಕೇಶಿಗಿಂತ ಬಹಳ ಹಿಂದಿನದು ಎಂದು ವಾಲ್ಟರ್ ಸ್ಪಿಂಕ್ ಮೊದಲಾದವರು ವಾದಿಸಿದ್ದಾರೆ. ಆ ಚಿತ್ರ ಒಂದು ಬೌದ್ಧ ಕಥೆಯದೆಂದು ಶ್ಲಿಂಗ್ಲಾಫ್ ತೋರಿಸಿದ್ದಾರೆ. ಹೀಗಾಗಿ ಅಜಂತೆಯ ಸಾಕ್ಷಿ ಜಾರಿಹೋಯಿತೆಂದೇ ಹೇಳಬೇಕು. ಓಲೆಯ ಕಥೆ ಮಾತ್ರ, ಸಂಭವನೀಯವೆಂಬ ಗೌರವದೊಡನೆ, ಇನ್ನೂ ನಿಂತಿದೆ. ನಾಡಿನ ಮೇಲಣ ಅಭಿಮಾನವಿರಲಿ. ಆದರೆ ಅಭಿಮಾನಕ್ಕಾಗಿ ಸಾಕ್ಷಿಯನ್ನು ಹಿಗ್ಗಿಸುವುದು ಬೇಡ.

ಆದರೆ ಆ ಎರಡು ಸಿಂಹಾಸನಗಳಿಗೆ ಆದ ಗತಿಯಲ್ಲಿ ಸಂದೇಹವಿಲ್ಲ. ಖುಸ್ರೂವಿನ ನಂತರ ನಾಲ್ಕೇ ವರ್ಷಗಳಲ್ಲಿ ಇರಾನಿನ ಪಟ್ಟ ಹಲವರ ಕೈಯಿಂದ ಕೈಗೆ ಜಾರಿತು. 642ರಲ್ಲಿ ನಿಹಾವಂದದ ಕದನದಲ್ಲಿ ಅರಬ್ಬರು ಸಾಸಾನರ ಸೈನ್ಯವನ್ನು ಮುರಿದರು. ಅದೇ 642ರ ಸುಮಾರಿಗೆ ಪಲ್ಲವ ನರಸಿಂಹವರ್ಮನು ಬಾದಾಮಿಯನ್ನು ಹಿಡಿದ. ಪುಲಕೇಶಿ ಆ ಯುದ್ಧದಲ್ಲಿಯೇ ಮಡಿದನೆಂದು ಚರಿತ್ರಕಾರರ ಅಭಿಪ್ರಾಯ. ಓಲೆ ಬರೆದವನೂ ಇಲ್ಲ, ಓಲೆ ಒಡೆದವನೂ ಇಲ್ಲ, ಓಲೆ ಯಾರ ಹೆಸರಿಗೆ ಬಂದಿತ್ತೋ ಅವನೂ ಇಲ್ಲ. ಇಬ್ಬರು ದೊರೆಗಳ ನಡುವಿನ ಸ್ನೇಹವು ಅವರ ಗಾದಿಗಳ ಜೊತೆಯಲ್ಲಿಯೇ ಮಣ್ಣುಗೂಡಿತು.

ಇನ್ನು ಎರಡನೆಯ ಕಥೆ. ಅದಕ್ಕೆ ಇರಾನಿನ ಈಚಿನ ಚರಿತ್ರೆಯನ್ನು ಸ್ವಲ್ಪ ತಿಳಿಯಬೇಕು.

ಏಷ್ಯದಲ್ಲಿ ಪ್ರಜೆಗಳು ದೊರೆಯ ಕೈಯಿಂದ ಸಂವಿಧಾನವನ್ನು ಬರೆಯಿಸಿಕೊಂಡ ಮೊದಲ ದೇಶಗಳಲ್ಲಿ ಇರಾನ್ ಒಂದು. 1906ರಲ್ಲಿಯೇ ಅಲ್ಲಿ ಮಜ್ಲಿಸ್ ಎಂಬ ಶಾಸನಸಭೆ ಸೇರಿತ್ತು. ವರ್ತಕರು, ಮುಲ್ಲಾಗಳು, ಹೊಸ ವಿದ್ಯೆ ಕಲಿತ ತರುಣರು ಕೂಡಿ ಮಾಡಿದ ಚಳವಳಿ ಅದು. ಆದರೆ 1908ರಲ್ಲಿ ನೆಲದಡಿಯಿಂದ ಎಣ್ಣೆ ಚಿಮ್ಮಿದ ಮೇಲೆ ಆ ದೇಶದ ಭಾಗ್ಯವನ್ನು ಪರರಾಷ್ಟ್ರಗಳು ಬರೆಯತೊಡಗಿದವು. ಸೇನಾನಿಯಾಗಿದ್ದ ರೇಜಾ ಖಾನ್ 1921ರಲ್ಲಿ ಅಧಿಕಾರ ಹಿಡಿದು, 1925ರಲ್ಲಿ ತಾನೇ ಷಾ ಆದ. ರೈಲು, ಶಾಲೆ, ವಿಶ್ವವಿದ್ಯಾಲಯಗಳನ್ನು ತಂದವನೂ ಅವನೇ. 1936ರಲ್ಲಿ ಹೆಂಗಸರ ಮುಸುಕನ್ನು ಪೊಲೀಸರ ಕೈಯಿಂದ ಕಿತ್ತು ತೆಗೆಸಿದವನೂ ಅವನೇ. 1941ರಲ್ಲಿ ಬ್ರಿಟಿಷ್ ಮತ್ತು ರಷ್ಯನ್ ಸೈನ್ಯಗಳು ನುಗ್ಗಿದಾಗ ಅವನು ಪಟ್ಟ ಬಿಟ್ಟುಕೊಟ್ಟ. ಮಗ ಮಹಮ್ಮದ್ ರೇಜಾ ಗಾದಿಗೆ ಬಂದ.

ಈ ಮಗನ ಕಾಲದಲ್ಲಿ ಪ್ರಜೆಗಳ ದನಿ ಒಮ್ಮೆ ಎದ್ದಿತ್ತು. 1951ರಲ್ಲಿ ಮಜ್ಲಿಸ್ ಎಣ್ಣೆಯನ್ನು ರಾಷ್ಟ್ರದ ಸ್ವತ್ತೆಂದು ಸಾರಿತು, ಮುಸದ್ದಿಕ್ ಪ್ರಧಾನಿಯಾದ. 1953ರ ಆಗಸ್ಟಿನಲ್ಲಿ ಅಮೆರಿಕ ಮತ್ತು ಬ್ರಿಟನ್ನುಗಳ ಗುಪ್ತಚರರ ಕೈವಾಡದಿಂದ ಅವನು ಉರುಳಿದ. ಅಲ್ಲಿಂದ ಮುಂದೆ ಷಾ ಒಬ್ಬನದೇ ಮಾತು. 1963ರಲ್ಲಿ ಅವನು ‘ಶ್ವೇತ ಕ್ರಾಂತಿ’ ಎಂಬ ಹೆಸರಿನಿಂದ ಭೂಮಿ ಹಂಚಿದ, ಹೆಂಗಸರಿಗೆ ಮತದಾನದ ಹಕ್ಕು ಕೊಟ್ಟ, ಹಳ್ಳಿಗಳಿಗೆ ಅಕ್ಷರ ಕಲಿಸುವವರನ್ನು ಕಳುಹಿಸಿದ. ಇವು ಒಳ್ಳೆಯ ಕೆಲಸಗಳಲ್ಲವೆಂದು ಯಾರೂ ಹೇಳಲಾರರು. ಆದರೆ ಎದುರು ಮಾತಾಡಿದವರಿಗೆ ಸಾವಾಕ್ ಎಂಬ ಗುಪ್ತ ಪೊಲೀಸರ ಸೆರೆಮನೆಯೂ ಸಿದ್ಧವಾಗಿತ್ತು. ವಿರೋಧಿಸಿದ ಖೊಮೇನಿ ಎಂಬ ಧರ್ಮಗುರು 1964ರಲ್ಲಿ ಗಡೀಪಾರಾದ. ಜಲಾಲ್ ಆಲೆ ಅಹ್ಮದ್ ಎಂಬ ಲೇಖಕ, ನಮ್ಮ ಜನಕ್ಕೆ ಪಶ್ಚಿಮದ ರೋಗ ಹತ್ತಿದೆ ಎಂದು 1962ರಲ್ಲಿ ಒಂದು ಚಿಕ್ಕ ಪುಸ್ತಕ ಬರೆದು ತರುಣರ ಮನಸ್ಸನ್ನು ಕಲಕಿದ. ಫರೂಗ್ ಫರ್ರೋಖ್‌ಜಾದ್ ಎಂಬ ಹೆಣ್ಣುಮಗಳು ಹೆಣ್ಣಿನ ಮನಸ್ಸನ್ನು ಮುಚ್ಚುಮರೆಯಿಲ್ಲದೆ ಕವಿತೆಗೆ ತಂದು, 1967ರಲ್ಲಿ ತನ್ನ 32ನೆಯ ವಯಸ್ಸಿಗೇ ಅಪಘಾತದಲ್ಲಿ ತೀರಿಕೊಂಡಳು. ಅರಮನೆಯ ಇರಾನ್ ಬೇರೆ, ಜನರ ಇರಾನ್ ಬೇರೆ ಎಂಬಂತಾಗಿತ್ತು.

ಷಾ ತನ್ನನ್ನು ಪುರಾತನ ಸಾಮ್ರಾಟರ ಉತ್ತರಾಧಿಕಾರಿಯೆಂದು ಎಣಿಸಿದ್ದ. 1971ರ ಅಕ್ಟೋಬರಿನಲ್ಲಿ ಪರ್ಸೆಪೊಲಿಸ್ ಎಂಬ ಹಾಳೂರಿನಲ್ಲಿ ಡೇರೆಗಳ ನಗರವನ್ನೇ ಎಬ್ಬಿಸಿ, ರಾಜತ್ವದ 2500ನೆಯ ವರ್ಷದ ಉತ್ಸವ ನಡೆಸಿದ. ಎರಡೇ ವರ್ಷಗಳಲ್ಲಿ ಅವನ ಬೊಕ್ಕಸಕ್ಕೆ ಹೊಳೆಯೇ ಹರಿದುಬಂತು. 1973ರ ಅಕ್ಟೋಬರಿಗೆ ಮುಂಚೆ ಪೀಪಾಯಿಗೆ ಸುಮಾರು 3 ಡಾಲರ್ ಇದ್ದ ಎಣ್ಣೆಯ ಬೆಲೆಯನ್ನು, ಡಿಸೆಂಬರಿನಲ್ಲಿ ತೆಹರಾನಿನಲ್ಲಿಯೇ ಸೇರಿದ ಕೊಲ್ಲಿಯ ಎಣ್ಣೆ ರಾಷ್ಟ್ರಗಳು 11 ಡಾಲರ್ 65 ಸೆಂಟುಗಳಿಗೆ ಏರಿಸಿದವು. ಷಾ ಉಕ್ಕಿನ ಕನಸು ಕಾಣತೊಡಗಿದ. ಉಕ್ಕಿಗೆ ಕಬ್ಬಿಣದ ಅದಿರು ಬೇಕು.

ಅದಿರು ಇದ್ದದ್ದು ನಮ್ಮಲ್ಲಿ. ಮೈಸೂರು ಸಂಸ್ಥಾನದ ಭೂವಿಜ್ಞಾನಿ ಸಂಪತ್ ಅಯ್ಯಂಗಾರರು 1913ರಷ್ಟು ಹಿಂದೆಯೇ ಕುದುರೆಮುಖದ ಬೆಟ್ಟಗಳಲ್ಲಿ ಕಬ್ಬಿಣವಿರುವುದನ್ನು ಗುರುತಿಸಿದ್ದರು. ಆದರೆ ಅದು ಬಳ್ಳಾರಿಯ ಅದಿರಿನಂಥ ಕಸುವಿನದಲ್ಲ. ನೂರಕ್ಕೆ 38ರ ಸುಮಾರು ಮಾತ್ರ ಕಬ್ಬಿಣ. ಮೂರು ಪಾಲು ಕಲ್ಲನ್ನು ಅಗೆದು, ಅರೆದು, ತೊಳೆದರೆ ಒಂದು ಪಾಲು ಸಾರ ಸಿಗುತ್ತದೆ. ಮಿಕ್ಕ ಎರಡು ಪಾಲು ಕೆಸರು. ಇಷ್ಟೊಂದು ಖರ್ಚಿನ ಕೆಲಸಕ್ಕೆ ಕೈಹಾಕಲು ದೊಡ್ಡ ಗಿರಾಕಿಯೊಬ್ಬ ಬೇಕಾಗಿತ್ತು. ಇತ್ತ ಎಣ್ಣೆಯ ಬೆಲೆಯೇರಿಕೆಯಿಂದ ಭಾರತದ ಕೈ ಬರಿದಾಗಿತ್ತು. 1974ರಲ್ಲಿ ಶ್ರೀಮತಿ ಇಂದಿರಾ ಗಾಂಧಿಯವರು ತೆಹರಾನಿಗೆ ಹೋದರು. ಅದೇ ವರ್ಷ ಷಾ ದಿಲ್ಲಿಗೆ ಬಂದ. 1975ರ ನವೆಂಬರ್ 4ರಂದು ಕರಾರು ಆಯಿತು.

ಆ ಕರಾರಿನ ಅಂಕಿಗಳನ್ನು ನೋಡಿ. ಇರಾನ್ 63 ಕೋಟಿ ಡಾಲರ್ ಸಾಲ ಕೊಡುವುದು. ಕುದುರೆಮುಖದಲ್ಲಿ ವರ್ಷಕ್ಕೆ 75 ಲಕ್ಷ ಟನ್ ಸಾರ ತೆಗೆಯುವುದು. 21 ವರ್ಷಗಳಲ್ಲಿ ಒಟ್ಟು 15 ಕೋಟಿ ಟನ್ನುಗಳನ್ನು ಇರಾನ್ ಕೊಳ್ಳುವುದು. ಗಣಿ ತೋಡಲು ಹಣ ಕೊಡುವವನೂ ಅವನೇ, ಮಾಲು ಒಯ್ಯುವವನೂ ಅವನೇ. ಇದಕ್ಕಿಂತ ಭದ್ರವಾದ ವ್ಯಾಪಾರ ಯಾವುದಿದ್ದೀತು ಎಂದು ಯಾರಿಗಾದರೂ ತೋರುವಂತಿತ್ತು. 1976ರ ಏಪ್ರಿಲ್ 2ರಂದು ಕುದುರೆಮುಖ ಕಬ್ಬಿಣ ಅದಿರು ಕಂಪನಿ ಸ್ಥಾಪಿತವಾಯಿತು.

ಇಲ್ಲಿ ಒಂದು ಸಂಗತಿಯನ್ನು ಗಮನಿಸಬೇಕು. 1975ರ ಮಾರ್ಚಿಯಲ್ಲಿ ಷಾ ಇರಾನಿನ ಎಲ್ಲ ಪಕ್ಷಗಳನ್ನೂ ರದ್ದು ಮಾಡಿ ತನ್ನದೊಂದೇ ಪಕ್ಷವನ್ನು ಉಳಿಸಿಕೊಂಡಿದ್ದ. ಅದೇ ವರ್ಷದ ಜೂನ್ 25ರಂದು ನಮ್ಮಲ್ಲಿ ತುರ್ತುಪರಿಸ್ಥಿತಿ ಘೋಷಿತವಾಗಿತ್ತು. ಹೀಗೆ ಕರಾರು ಆದ ದಿನ ಎರಡು ದೇಶಗಳಲ್ಲಿಯೂ ಮರುಪ್ರಶ್ನೆ ಕೇಳುವವರ ಬಾಯಿ ಕಟ್ಟಿತ್ತು. ಇರಾನಿನ ಗಾದಿ ಎಷ್ಟು ಗಟ್ಟಿ ಎಂದು ನಮ್ಮಲ್ಲಿ ಗಟ್ಟಿಯಾಗಿ ಕೇಳುವಂತಿರಲಿಲ್ಲ. ವರ್ಷಕ್ಕೆ 7000 ಮಿಲಿಮೀಟರಿನಷ್ಟು ಮಳೆ ಸುರಿಯುವ, ತುಂಗೆ, ಭದ್ರೆ, ನೇತ್ರಾವತಿಗಳು ಹುಟ್ಟುವ ಬೆಟ್ಟಸಾಲಿನಲ್ಲಿ ಹೀಗೆ ಅಗೆಯಬಹುದೆ ಎಂದೂ ಕೇಳುವಂತಿರಲಿಲ್ಲ. ಬೆಟ್ಟಕ್ಕಂತೂ ಸಹಿ ಹಾಕುವ ಕೈಯಿಲ್ಲ.

ಕೆಲಸ ಭರದಿಂದ ಸಾಗಿತು. ಶೋಲೆಯ ಕಾಡು, ಹುಲ್ಲುಗಾವಲುಗಳ ನಡುವೆ ರಸ್ತೆಗಳು ಬಂದವು, ಕಾರ್ಖಾನೆ ಎದ್ದಿತು, ನೌಕರರಿಗೆ ಊರೊಂದು ಎದ್ದಿತು. ಕೆಸರನ್ನು ತಡೆಯಲು ಲಕ್ಯಾ ಹೊಳೆಗೆ 100 ಮೀಟರ್ ಎತ್ತರದ ಒಡ್ಡು ಬಿತ್ತು. ಅದಿರಿನ ಸಾರವನ್ನು ನೀರಿನಲ್ಲಿ ಕಲಸಿ, 67 ಕಿಲೋಮೀಟರ್ ಕೊಳವೆಯಲ್ಲಿ ಘಟ್ಟ ಇಳಿಸಿ ಮಂಗಳೂರಿನ ಪಣಂಬೂರು ಬಂದರಿಗೆ ಮುಟ್ಟಿಸುವ ವ್ಯವಸ್ಥೆಯಾಯಿತು. ಇಂಜಿನಿಯರುಗಳ ಸಾಹಸವನ್ನು ಮೆಚ್ಚಲೇಬೇಕು. 1980ರಲ್ಲಿ, ಗೊತ್ತುಮಾಡಿದ ಗಡುವಿನೊಳಗೆ ಕಾರ್ಖಾನೆ ಸಿದ್ಧವಾಯಿತು.

ಸಿದ್ಧವಾಗುವ ಹೊತ್ತಿಗೆ ಗಿರಾಕಿಯೇ ಇರಲಿಲ್ಲ!

ಏನಾಯಿತು? ಎಣ್ಣೆಯ ಹಣ ಹರಿದುಬಂದಷ್ಟೂ ಇರಾನಿನ ಪೇಟೆಗಳಲ್ಲಿ ಬೆಲೆ ಏರಿತು. ಜಮೀನು ಬಿಟ್ಟುಬಂದ ರೈತರು ತೆಹರಾನಿನ ಅಂಚಿನ ಜೋಪಡಿಗಳಲ್ಲಿ ತುಂಬಿಕೊಂಡರು. ಬೆಲೆ ಏರಿಸಿದರೆಂದು ಬಾಜಾರಿನ ವರ್ತಕರನ್ನು ಹಿಡಿದು ಶಿಕ್ಷಿಸಿದ್ದರಿಂದ ಅವರೂ ಮುನಿದರು. 1976ರಲ್ಲಿ ಷಾ ದೇಶದ ಪಂಚಾಂಗವನ್ನೇ ಬದಲಾಯಿಸಿ, ಪುರಾತನ ಸಾಮ್ರಾಟ ಸೈರಸ್ಸನಿಂದ ವರ್ಷ ಎಣಿಸಲು ಆಜ್ಞೆ ಮಾಡಿದಾಗ ಶ್ರದ್ಧಾಳುಗಳ ಮನಸ್ಸು ನೊಂದಿತು. 1978ರ ಆಗಸ್ಟಿನಲ್ಲಿ ಅಬಾದಾನಿನ ಒಂದು ಚಿತ್ರಮಂದಿರಕ್ಕೆ ಬೆಂಕಿ ಬಿದ್ದು ನೂರಾರು ಜನ ಬೆಂದುಹೋದರು. ಸೆಪ್ಟೆಂಬರ್ 8ರಂದು ತೆಹರಾನಿನ ಚೌಕದಲ್ಲಿ ಸೈನಿಕರು ಗುಂಡು ಹಾರಿಸಿದರು. ಎಣ್ಣೆಬಾವಿಯ ಕೆಲಸಗಾರರು ಮುಷ್ಕರ ಹೂಡಿದ ಮೇಲೆ ಗಾದಿಯ ಬುಡವೇ ಅಲುಗಿತು. 1979ರ ಜನವರಿ 16ರಂದು ಷಾ ದೇಶ ಬಿಟ್ಟ. ಫೆಬ್ರುವರಿ 1ರಂದು ಖೊಮೇನಿ ಮರಳಿದ. 11ರಂದು ಹಳೆಯ ಸರ್ಕಾರ ಕುಸಿಯಿತು. ಏಪ್ರಿಲ್ 1ರಂದು ಇರಾನ್ ಇಸ್ಲಾಮಿಕ್ ಗಣರಾಜ್ಯವಾಯಿತು. ಷಾ 1980ರ ಜುಲೈನಲ್ಲಿ ಕೈರೋದಲ್ಲಿ ಸತ್ತ. ಅದರ ಮರುತಿಂಗಳು ಕುದುರೆಮುಖದ ಕಾರ್ಖಾನೆ ಪೂರ್ತಿಯಾಯಿತು. ಸೆಪ್ಟೆಂಬರಿನಲ್ಲಿ ಇರಾಕ್ ಇರಾನಿನ ಮೇಲೆ ಬಿದ್ದು, 8 ವರ್ಷಗಳ ಯುದ್ಧ ಆರಂಭವಾಯಿತು.

ಹೊಸ ಸರ್ಕಾರಕ್ಕೆ ಹಳೆಯ ದೊರೆಯ ಉಕ್ಕಿನ ಕನಸು ಬೇಕಾಗಿರಲಿಲ್ಲ. 63 ಕೋಟಿ ಡಾಲರುಗಳ ಪೈಕಿ ಕೈಗೆ ಬಂದದ್ದು 25 ಕೋಟಿ 50 ಲಕ್ಷ ಮಾತ್ರ. ಮಿಕ್ಕ ಹಣವನ್ನು ಭಾರತ ಸರ್ಕಾರವೇ ಹೊಂದಿಸಬೇಕಾಯಿತು. ಕರಾರಿನಂತೆ ಅದಿರು ಒಯ್ಯುವವರಿಲ್ಲದೆ ಕಂಪನಿ ಬೇರೆ ಬೇರೆ ದೇಶಗಳ ಬಾಗಿಲು ತಟ್ಟಬೇಕಾಯಿತು. ಹುಡಿಯಂಥ ಆ ಸಾರವನ್ನು ಹಾಗೆಯೇ ಕೊಳ್ಳುವವರು ಕಡಿಮೆ. ಅದನ್ನು ಉಂಡೆ ಕಟ್ಟಿ ಮಾರುವುದಕ್ಕಾಗಿ 1987ರಲ್ಲಿ ಮಂಗಳೂರಿನಲ್ಲಿ ಇನ್ನೊಂದು ಕಾರ್ಖಾನೆ ಬಂತು. ಹೀಗೆ ಕಂಪನಿ ತನ್ನ ಕಾಲ ಮೇಲೆ ತಾನು ನಿಂತಿತು, ಲಾಭವನ್ನೂ ಗಳಿಸಿತು. ಸಾವಿರಾರು ಸಂಸಾರಗಳಿಗೆ ಅನ್ನ ಕೊಟ್ಟಿತು. ಅದನ್ನು ಮರೆಯುವುದು ಅನ್ಯಾಯ.

ಆದರೆ ಗಣಿಯ ಕೆಲಸ ಒಮ್ಮೆ ಆರಂಭವಾದ ಮೇಲೆ ನಿಲ್ಲಿಸುವುದು ಸುಲಭವಲ್ಲ. ಷಾ ಹೋದರೂ ಷಾನ ಅಳತೆಗೆ ಕಟ್ಟಿದ ಯಂತ್ರಗಳು ಬೆಟ್ಟವನ್ನು ಅಗೆಯುತ್ತಲೇ ಇದ್ದವು. ಮಳೆಗಾಲದಲ್ಲಿ ಭದ್ರೆಯ ನೀರು ಕೆಂಪಗೆ ಹರಿಯುತ್ತದೆಂದು ಜನ ದೂರಿದರು. 1987ರಲ್ಲಿ ಸುತ್ತಲಿನ ಸುಮಾರು 600 ಚದರ ಕಿಲೋಮೀಟರ್ ಕಾಡು ರಾಷ್ಟ್ರೀಯ ಉದ್ಯಾನವೆಂದು ಗೊತ್ತಾಯಿತು. ಗಣಿಯ ಗುತ್ತಿಗೆಯ ಅವಧಿ ಮುಗಿದಾಗ ಅದನ್ನು ಮುಂದುವರಿಸಕೂಡದೆಂದು ಪರಿಸರದ ಪರವಾಗಿದ್ದವರು ಹೋರಾಡಿದರು. 2002ರ ಅಕ್ಟೋಬರ್ 30ರಂದು ಸರ್ವೋಚ್ಚ ನ್ಯಾಯಾಲಯ, 2005ರ ಕೊನೆಗೆ ಗಣಿ ನಿಲ್ಲಬೇಕೆಂದು ತೀರ್ಪಿತ್ತಿತು. 2005ರ ಡಿಸೆಂಬರ್ 31ಕ್ಕೆ ಅಗೆತ ನಿಂತಿತು. ನೌಕರರ ಊರು ಬರಿದಾಯಿತು. ಲಕ್ಯಾ ಒಡ್ಡಿನ ಹಿಂದೆ ತುಂಬಿಕೊಂಡ ಕೆಸರು ಮಾತ್ರ ಅಲ್ಲಿಯೇ ಉಳಿಯಿತು.

ಈಗ ಎರಡು ಕಥೆಗಳನ್ನೂ ಪಕ್ಕದಲ್ಲಿಟ್ಟು ನೋಡೋಣ. ಬಾದಾಮಿಯ ರಾಜ ಆನೆ, ಖಡ್ಗಗಳನ್ನು ಕಳುಹಿಸಿದ. ಎರಡೇ ವರ್ಷದಲ್ಲಿ ಅವುಗಳನ್ನು ಪಡೆದ ಸಾಮ್ರಾಟ ಕೊಲೆಯಾದ. ದಿಲ್ಲಿಯ ಸರ್ಕಾರ ಬೆಟ್ಟವನ್ನೇ ಕಳುಹಿಸಲು ಒಪ್ಪಿತು. ನಾಲ್ಕೇ ವರ್ಷದಲ್ಲಿ ಅದನ್ನು ಕೇಳಿದ ಷಾ ದೇಶಭ್ರಷ್ಟನಾದ. ಏಳನೆಯ ಶತಮಾನದಲ್ಲಿ ನಷ್ಟವಾದದ್ದು ಕೆಲವು ಕಾಣಿಕೆಗಳು. ಇಪ್ಪತ್ತನೆಯ ಶತಮಾನದಲ್ಲಿ ನಷ್ಟವಾದದ್ದು ಮಳೆಕಾಡಿನ ಬೆಟ್ಟ. ಅದು ನಮ್ಮ ಮೊಮ್ಮಕ್ಕಳ ಕಾಲಕ್ಕೂ ಮೊದಲಿನಂತೆ ಆಗಲಾರದು. ಗಾದಿಯೊಡನೆ ಮಾಡಿಕೊಂಡ ಕರಾರು ಗಾದಿಯಷ್ಟೇ ಕಾಲ ಬಾಳುತ್ತದೆ. ಅದರ ಬೆಲೆಯನ್ನು ಮಾತ್ರ ಗಾದಿಯ ಸುದ್ದಿಯನ್ನೇ ಕೇಳದ ಜನ, ಅದರ ಹೆಸರೇ ಅರಿಯದ ಹೊಳೆ, ಬಹಳ ಕಾಲ ತೆರುತ್ತ ಹೋಗಬೇಕಾಗುತ್ತದೆ.

ಹಾಗಾದರೆ ಇರಾನಿಗೂ ಕನ್ನಡ ನಾಡಿಗೂ ಉಳಿದ ಸಂಬಂಧವೇ ಇಲ್ಲವೆ? ಇದೆ. ಅದು ದೊರೆಗಳದ್ದಲ್ಲ, ಹೊಟ್ಟೆಪಾಡಿಗೆ, ವಿದ್ಯೆಗೆ, ಆಶ್ರಯಕ್ಕೆ ಬಂದು ಹೋದ ಜನರದ್ದು. ಗೀಲಾನಿನಿಂದ ಬಂದ ಮಹಮೂದ್ ಗವಾನ್ ಬೀದರಿನಲ್ಲಿ 1472ರಲ್ಲಿ ಪೂರ್ತಿಗೊಳಿಸಿದ ಮದರಸೆಯ ಮುರುಕು ಮಿನಾರು ಇನ್ನೂ ನಿಂತಿದೆ. ಅಸ್ತರಾಬಾದಿನಲ್ಲಿ ಹುಟ್ಟಿದ ಫೆರಿಸ್ತಾ ದಖ್ಖಣದ ಚರಿತ್ರೆ ಬರೆದದ್ದು ಬಿಜಾಪುರದಲ್ಲಿ. ಶಿರಾಜಿನಿಂದ ಕುದುರೆ ಮಾರಲು 1824ರಲ್ಲಿ ಬೆಂಗಳೂರಿಗೆ ಬಂದ ಆಗಾ ಅಲಿ ಅಸ್ಕರ್ ಎಂಬ ಹುಡುಗ ಇಲ್ಲಿಯೇ ನೆಲೆನಿಂತ. ಅವನ ಮೊಮ್ಮಗ ಮಿರ್ಜಾ ಇಸ್ಮಾಯಿಲರು 1926ರಿಂದ 1941ರವರೆಗೆ ಮೈಸೂರಿನ ದಿವಾನರಾಗಿ, ಬೃಂದಾವನದ ತೋಟವನ್ನು ನಾಡಿಗೆ ಕೊಟ್ಟರು. ಮರೋಳ, ಹುನಗುಂದಗಳು 1956ರವರೆಗೆ ಮುಂಬಯಿ ಪ್ರಾಂತಕ್ಕೆ ಸೇರಿದ್ದವು. ಆ ಮುಂಬಯಿಯಲ್ಲಿಯೇ 1933ರಲ್ಲಿ ಆರ್ದೇಶಿರ್ ಇರಾನಿಯವರ ಕಂಪನಿಯಲ್ಲಿ ಪಾರಸಿ ಭಾಷೆಯ ಮೊದಲ ಮಾತಾಡುವ ಚಿತ್ರ ತಯಾರಾಯಿತು. ಇರಾನಿನ ಹೆಸರಾಂತ ಕಾದಂಬರಿಕಾರ ಸಾದಿಕ್ ಹಿದಾಯತ್, ಸ್ವದೇಶದಲ್ಲಿ ಅಚ್ಚು ಹಾಕಿಸಲಾರದ ತನ್ನ ‘ಕುರುಡು ಗೂಗೆ’ಯ ಕೆಲವೇ ಪ್ರತಿಗಳನ್ನು ಮೊದಲು ಹೊರತಂದದ್ದೂ ಅಲ್ಲಿಯೇ.

ಇನ್ನು ಮಾತಿನ ಸಂಗತಿ. ಬಾಜಾರು, ಪರದೆ, ರುಮಾಲು, ದರ್ಜಿ, ಖರೀದಿ, ಜಮೀನು, ಸರಕಾರ, ಬಂದೋಬಸ್ತು, ಇವೆಲ್ಲ ಪಾರಸಿಯಿಂದ ಬಂದವು. ‘ಕರಾರು’ ಎಂಬುದು ಹುಟ್ಟಿನಿಂದ ಅರಬ್ಬಿಯಾದರೂ ಆದಿಲಶಾಹಿ ದಫ್ತರಗಳ ಪಾರಸಿಯ ಮೂಲಕವೇ ನಮಗೆ ಬಂದದ್ದು. ಆದಿಲಶಾಹಿ 1686ರಲ್ಲಿ ಮುಗಿಯಿತು. ಮಾತುಗಳು ಮರೋಳದ ಹೊಲದ ಬದುವಿನಲ್ಲಿ ಈ ಹೊತ್ತಿಗೂ ಓಡಾಡುತ್ತಿವೆ. ಅವನ್ನು ಯಾವ ಕ್ರಾಂತಿಯೂ ರದ್ದು ಮಾಡಲಾರದು.

2025ರ ಆ ಜೂನ್ ತಿಂಗಳಿನಲ್ಲಿ ಗೌರಿಬಿದನೂರು ತಾಲೂಕಿನ ಅಲೀಪುರದ ಮನೆಗಳಲ್ಲಿ ತಾಯಂದಿರು ನಿದ್ದೆಗೆಟ್ಟಿದ್ದರು. ಷಿಯಾ ಪಂಥದವರು ಬಹುಸಂಖ್ಯೆಯಲ್ಲಿರುವ ಆ ಊರಿನ ಮಕ್ಕಳು ವೈದ್ಯಕೀಯಕ್ಕೂ ಧರ್ಮವಿದ್ಯೆಗೂ ಇರಾನಿಗೆ ಹೋಗುವುದು ವಾಡಿಕೆ. ಬಾಂಬು ಬೀಳುತ್ತಿದ್ದ ಊರುಗಳಲ್ಲಿ ಅವರ ಮಕ್ಕಳಿದ್ದರು. ಮೂರು ವರ್ಷ ಮುಂಚೆ, 2022ರ ಸೆಪ್ಟೆಂಬರಿನಲ್ಲಿ, ತಲೆವಸ್ತ್ರ ಸರಿಯಿಲ್ಲವೆಂದು ಪೊಲೀಸರು ಹಿಡಿದೊಯ್ದ ಮಹಸಾ ಅಮೀನಿ ಎಂಬ 22 ವರ್ಷದ ಹುಡುಗಿ ಅವರ ವಶದಲ್ಲಿದ್ದಾಗಲೇ ಸತ್ತಾಗ, ಇರಾನಿನ ಬೀದಿಗಳಲ್ಲಿ ಹೆಣ್ಣುಮಕ್ಕಳು ವಸ್ತ್ರವನ್ನು ಕಿತ್ತೆಸೆದು ನಿಂತಿದ್ದರು. ತಾತನ ಕಾಲದಲ್ಲಿ ಮುಸುಕನ್ನು ಕಿತ್ತವರೂ ಪೊಲೀಸರೇ, ಮೊಮ್ಮಗಳ ಕಾಲದಲ್ಲಿ ಮುಸುಕನ್ನು ಹೊದಿಸಿದವರೂ ಪೊಲೀಸರೇ. ನಡುವೆ ಅವಳನ್ನು ಕೇಳಿದವರು ಯಾರು? ಗಾದಿಯ ಮೇಲೆ ಕುಳಿತವರು ಯಾವ ಬಣ್ಣದ ಪೇಟ ಸುತ್ತಿದರೂ ಈ ಪ್ರಶ್ನೆ ಉಳಿಯುತ್ತದೆ.

ಮರೋಳದ ಹಿರಿಯರಿಗೆ ನಾನು ಈ ಕಥೆಗಳನ್ನು ಹೇಳಿದ್ದು ಐಹೊಳೆಯಿಂದ ಹಿಂತಿರುಗಿದ ಸಂಜೆ. ಅವರು ಎಲ್ಲವನ್ನೂ ಸಾವಧಾನವಾಗಿ ಕೇಳಿ, ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ಅಂದರು:

“ಹಂಗಾದ್ರ ಕರಾರು ಮಾಡೂಮುಂದ ಗಾದಿ ಮ್ಯಾಲಿನವನ ಮಾರಿ ನೋಡಬಾರದು, ಗಾದಿ ಕೆಳಗಿನ ಮಂದಿ ಮಾರಿ ನೋಡಬೇಕು ಅನ್ರಿ.”

ನಾನು ಇಷ್ಟುದ್ದಕ್ಕೆ ಬರೆದದ್ದನ್ನು ಅವರು ಒಂದೇ ಮಾತಿನಲ್ಲಿ ಮುಗಿಸಿದರು. ಅಷ್ಟರಲ್ಲಿ ಪಡುವಣದ ಮುಗಿಲು ಕಪ್ಪಾಗಿತ್ತು. ಅವರು ಪತ್ರಿಕೆಯನ್ನು ಮಡಿಸಿ ನನ್ನ ಕೈಗೆ ಕೊಟ್ಟು, ಹೊಲದ ಕಡೆ ಹೊರಟರು.